ನುರಾರಿಹ್ಯೋನ್ ಅಂಕಲ್

ಹೂಸ್ಟನ್ ಸುತ್ತಮುತ್ತ ಕನ್ನಡದವರು ಯಾರೇ ಹೊಸ ಮನೆ ಕೊಂಡು ಬಾಗಿಲಿಗೆ ಮಾವಿನೆಲೆ ಕಟ್ಟಿದರೂ ಆ ಗೃಹಪ್ರವೇಶದಲ್ಲಿ ಮಹಾಬಲೇಶ್ವರ ಇರುತ್ತಿದ್ದ. ಕರೆದಿದ್ದರಾ ಅಂತ ಕೇಳಬೇಡಿ. ಕರೆದಿರುತ್ತಿರಲಿಲ್ಲ. ಆದರೂ ಅವನು ಬರುತ್ತಿದ್ದ, ಬಂದವನನ್ನು ಯಾರೂ ಏನೂ ಕೇಳುತ್ತಲೂ ಇರಲಿಲ್ಲ.

ಕೇಳದೇ ಇರುವುದಕ್ಕೆ ಕಾರಣ ನಮ್ಮವರ ಮರ್ಯಾದೆ. ಮನೆಗೆ ಬಂದವನನ್ನು ನೀನು ಯಾರಪ್ಪ ಅಂತ ಕೇಳುವ ಜನ ನಾವಲ್ಲ, ಊಟ ಆಯ್ತಾ ಅಂತ ಕೇಳುವವರು. ಗಂಡನಾದವನು, ಇವರು ಹೆಂಡತಿ ಕಡೆಯವರಿರಬೇಕು, ಗುರುತು ಹಿಡಿಯಲಿಲ್ಲ ಅಂದರೆ ಸಂಜೆ ತನಕ ಮಾತು ಕೇಳಬೇಕು ಅಂತ ಹಲ್ಲು ಕಿರಿದು ನಮಸ್ಕಾರ ಮಾಡುತ್ತಿದ್ದ. ಹೆಂಡತಿಯಾದವಳು, ಇವರು ಗಂಡನ ಆಫೀಸಿನ ಹಿರಿಯರಿರಬೇಕು ಅಂತ ಸೆರಗು ಸರಿಮಾಡಿಕೊಂಡು ಕಾಫಿ ತಂದುಕೊಡುತ್ತಿದ್ದಳು. ಮಹಾಬಲೇಶ್ವರ ಹುಬ್ಬಳ್ಳಿಯ ರೈಲ್ವೆ ಕ್ವಾರ್ಟರ್ಸ್‌ನಲ್ಲಿ ಬೆಳೆದವನು. ಅವನ ಮಾತಿನ ‘ರೀ’ ಕೇಳಿದ ಮೈಸೂರಿನವರು, ಧಾರವಾಡದ ಬೀಗರ ಪೈಕಿ ಯಾರೋ ಅಂದುಕೊಂಡು ಸುಮ್ಮನಾಗುತ್ತಿದ್ದರು. ಯಾರಾದರೂ ತೀರಾ ಒತ್ತಿ, ನೀವು ಯಾರ ಕಡೆಯವರು ಅಂತ ಕೇಳಿಬಿಟ್ಟರೆ, ಅವನು ಅಡುಗೆಮನೆಯ ಕಡೆ ಕೈ ತೋರಿಸಿ “ಇವರ ಕಡೀನರಿ” ಅನ್ನುತ್ತಿದ್ದ. ಅಡುಗೆಮನೆಯಲ್ಲಿ ಯಾವಾಗಲೂ ಯಾರಾದರೂ ಇದ್ದೇ ಇರುತ್ತಾರಲ್ಲ.

ಬರಿಗೈಲಿ ಹೋಗುವವನಲ್ಲ ಅವನು. ಒಂದು ಚಿಪ್ಪು ಬಾಳೆಹಣ್ಣು ಹಿಡಿದು, ಮೇಲೆತ್ತಿದ ಗರಾಜ್ ಬಾಗಿಲಿನಿಂದ ಒಳಗೆ ಬಂದು, ಚಪ್ಪಲಿಯನ್ನು ರಾಶಿಯ ನಟ್ಟನಡುವೆ ಬಿಡುತ್ತಿದ್ದ. ಅಂಚಿನಲ್ಲಿ ಬಿಡುವವರು ಹೊರಗಿನವರ ಹಾಗೆ ಕಾಣುತ್ತಾರೆ ಅನ್ನುವುದು ಅವನ ಲೆಕ್ಕಾಚಾರ. ಒಳಗೆ ಬಂದ ಮೇಲೆ ಕೈಕಟ್ಟಿ ಕೂರುತ್ತಲೂ ಇರಲಿಲ್ಲ. ಮಡಿಸುವ ಕುರ್ಚಿಗಳನ್ನು ಬಿಡಿಸಿಡುವುದು, ನೀರಿನ ಬಾಟಲಿ ಹಂಚುವುದು, ಪುರೋಹಿತರಿಗೆ ಬೆಂಕಿಪೊಟ್ಟಣ ಹುಡುಕಿಕೊಡುವುದು, ಎಲ್ಲ ಅವನೇ. ಎಲ್ಲಕ್ಕಿಂತ ಮುಖ್ಯ ಕೆಲಸ ಒಂದಿತ್ತು. ಹೋಮದ ಹೊಗೆ ಎದ್ದಾಗ ಈ ದೇಶದ ಮನೆಗಳ ಸೂರಿನಲ್ಲಿರುವ ಸ್ಮೋಕ್ ಅಲಾರಂ ಬೊಬ್ಬೆ ಹೊಡೆಯುತ್ತದೆ. ಅದಕ್ಕೆ ಮೊದಲೇ ಮಹಾಬಲೇಶ್ವರ ಏಣಿ ಹಾಕಿ, ಜೇಬಿನಿಂದ ಸ್ನಾನಕ್ಕೆ ಹಾಕಿಕೊಳ್ಳುವ ಪ್ಲಾಸ್ಟಿಕ್ ಟೋಪಿ ತೆಗೆದು ಅಲಾರಮ್ಮಿಗೆ ತೊಡಿಸಿಬಿಡುತ್ತಿದ್ದ. ಪೂರ್ಣಾಹುತಿ ಮುಗಿದ ಮೇಲೆ ಅವನೇ ತೆಗೆಯುತ್ತಿದ್ದ. ಇಷ್ಟು ಅಧಿಕಾರದಿಂದ ಏಣಿ ಹತ್ತುವವನು ಮನೆಯವನಲ್ಲದೆ ಇನ್ಯಾರು ಅಂತ ಬಂದವರೆಲ್ಲ ತಿಳಿದಿದ್ದರು.

ಈ ಚಾಳಿ ಶುರುವಾದದ್ದು ಒಂದು ತಪ್ಪಿನಿಂದ. ಇಂಡಿಯನ್ ಅಂಗಡಿಯಲ್ಲಿ ಕರಿಬೇವು ಆರಿಸುವಾಗ ಪರಿಚಯವಾದ ಒಬ್ಬರು, ಭಾನುವಾರ ನಮ್ಮ ಗೃಹಪ್ರವೇಶ, ಬಂದುಬಿಡಿ ಸಾರ್ ಅಂದಿದ್ದರು. ಸೈಪ್ರೆಸ್ ಕಡೆಯ ಹೊಸ ಬಡಾವಣೆ. ಅಲ್ಲಿ ಒಂದು ಮನೆಗೂ ಇನ್ನೊಂದಕ್ಕೂ ವ್ಯತ್ಯಾಸ ಕಟ್ಟಿದವನಿಗೇ ಗೊತ್ತಾಗುವುದು ಕಷ್ಟ. ಮಾವಿನೆಲೆ ಕಂಡ ಬಾಗಿಲಲ್ಲಿ ನುಗ್ಗಿದ, ಕೂತ, ಬಿಸಿಬೇಳೆಬಾತು ಎರಡು ಸಲ ಹಾಕಿಸಿಕೊಂಡ, ಯಾರದೋ ಮಗುವನ್ನು ಮಡಿಲಲ್ಲಿ ಮಲಗಿಸಿಕೊಂಡ, ತಾಂಬೂಲ ತಗೊಂಡು ಹೊರಬಂದ. ಬಂದು ನೋಡಿದರೆ ಅದೇ ರಸ್ತೆಯಲ್ಲಿ ಇನ್ನೊಂದು ಬಾಗಿಲಿಗೂ ಮಾವಿನೆಲೆ. ಒಳ್ಳೆಯ ಮುಹೂರ್ತ ಅಂದರೆ ಎಲ್ಲರಿಗೂ ಒಂದೇ ತಾನೇ? ಅವನನ್ನು ಕರೆದಿದ್ದ ಮನೆ ಅದು. ಇಷ್ಟು ಹೊತ್ತು ಅವನು ಕೂತು ಉಂಡದ್ದು ತನ್ನನ್ನು ಕಂಡೇ ಇರದವರ ಮನೆಯಲ್ಲಿ.

ನಾಚಿಕೆ ಆಗಬೇಕಿತ್ತು. ಆದರೆ ಕಾರಿನಲ್ಲಿ ಕೂತವನಿಗೆ ಆದದ್ದು ಬೇರೆ. ಬಹಳ ದಿನಗಳ ಮೇಲೆ ಹೊಟ್ಟೆ ತುಂಬಿದ ಹಾಗಾಗಿತ್ತು, ಅದು ಬರೀ ಅನ್ನದಿಂದ ತುಂಬಿದ್ದಲ್ಲ.

ಅವನ ಬದುಕೇ ಹಾಗಿತ್ತು. ಎಣ್ಣೆ ಶುದ್ಧೀಕರಣದ ಕಾರ್ಖಾನೆಗಳಿಗೆ ಪೈಪುಗಳ ನಕ್ಷೆ ಬರೆಯುವ ಕೆಲಸಕ್ಕೆ ಅಂತ ಹೂಸ್ಟನ್ನಿಗೆ ಬಂದವನು. ಬಂದಾಗ ತಲೆ ತುಂಬ ಕೂದಲಿತ್ತು. ಮದುವೆ ಆಗಬಾರದು ಅಂತೇನೂ ಇರಲಿಲ್ಲ. ಒಂದು ಸಲ ಹುಡುಗಿ ಒಪ್ಪಿದರೆ ರಜೆ ಮುಗಿಯಿತು, ಇನ್ನೊಂದು ಸಲ ರಜೆ ಇದ್ದರೆ ವೀಸಾ ಸಿಕ್ಕಿಹಾಕಿಕೊಂಡಿತು, ಆಮೇಲೆ ಕೂದಲು ಹೋಯಿತು, ಆಮೇಲೆ ಕೇಳುವವರೂ ಹೋದರು. ಅವ್ವ ಇರುವ ತನಕ ಫೋನಿನಲ್ಲಿ “ಮಹಾಬಳಾ, ಉಂಡೇನೋ” ಅನ್ನುತ್ತಿದ್ದಳು. ಅವಳು ಹೋದ ಮೇಲೆ ಅವನ ಹೆಸರನ್ನು ಬಾಯಿತುಂಬ ಕರೆಯುವವರು ಯಾರೂ ಉಳಿಯಲಿಲ್ಲ. ಆಫೀಸಿನಲ್ಲಿ ಅವನು ಮ್ಯಾಕ್ಸ್. ಕೊರೊನಾ ಬಂದಮೇಲೆ ಆಫೀಸೂ ಹೋಯಿತು. ಆ ಮಹಡಿಯನ್ನೇ ಮುಚ್ಚಿ, ಮನೆಯಿಂದಲೇ ಕೆಲಸ ಮಾಡಿ ಅಂದರು. ಹೈವೇ ಪಕ್ಕದ ಒಂದು ಬೆಡ್‌ರೂಮಿನ ಅಪಾರ್ಟ್‌ಮೆಂಟಿನಲ್ಲಿ ಬೆಳಿಗ್ಗೆ ಮೀಟಿಂಗಿಗೆ ಮೊದಲು ಗಂಟಲು ಕೆಲಸ ಮಾಡುತ್ತಿದೆಯೋ ಇಲ್ಲವೋ ನೋಡಲು ಅವನು ಗೋಡೆಗೆ ಎರಡು ಸಲ ಹಲೋ ಹೇಳುತ್ತಿದ್ದ. ಮಹಾಬಲೇಶ್ವರನಿಗೆ ಒಂಟಿತನ ಕಾಡುತ್ತಿತ್ತು. ಇದನ್ನು ಸುತ್ತಿ ಬಳಸಿ ಹೇಳಿ ಪ್ರಯೋಜನವಿಲ್ಲ.

ಹಾಗಾಗಿ ಭಾನುವಾರ ಬಂತೆಂದರೆ ಹೂಸ್ಟನ್ ಅಂಚಿನ ಕೇಟಿ, ಸೈಪ್ರೆಸ್, ಫುಲ್‌ಶೀರ್. ಒಮ್ಮೆ ಆಸ್ಟಿನ್ ತನಕ ಡ್ರೈವ್ ಮಾಡಿಕೊಂಡು ಹೋಗಿ ಉಂಡು ಬಂದದ್ದೂ ಉಂಟು. ಎಲ್ಲಿ, ಯಾವಾಗ ಅನ್ನುವುದು ಕನ್ನಡದವರ ವಾಟ್ಸಾಪ್ ಗುಂಪಿನಲ್ಲಿ ತಾನಾಗಿ ತಿಳಿಯುತ್ತಿತ್ತು. ಆ ಗುಂಪಿಗೆ ಯಾರೋ ಎಂದೋ ಅವನನ್ನು ಸೇರಿಸಿದ್ದರು. ಚಿತ್ರವಿಲ್ಲದ, ಹೆಸರಿನ ಜಾಗದಲ್ಲಿ ಒಂದು ಚುಕ್ಕಿ ಮಾತ್ರ ಇರುವ ನಂಬರು ಅವನದು. ಒಂದು ಸಂದೇಶವನ್ನೂ ಹಾಕಿದವನಲ್ಲ.

ಫುಲ್‌ಶೀರಿನಲ್ಲಿ ಅನಿರುದ್ಧ್ ಮತ್ತು ಮಧುರಾ ಮನೆ ತಗೊಂಡದ್ದು ಮಾರ್ಚಿನಲ್ಲಿ. ಡಲ್ಲಾಸ್ ಕಡೆ ಯೂಲೆಸ್‌ನಲ್ಲಿ ಇದ್ದವರು, ಗಂಡನಿಗೆ ಕೆಲಸ ಬದಲಾಗಿ ಹಿಂದಿನ ವರ್ಷ ಕೇಟಿಯ ಬಾಡಿಗೆ ಮನೆಗೆ ಶಿಫ್ಟ್ ಆಗಿದ್ದರು. ಮಧುರಾಳ ತಾಯಿ ವಿಜಯಮ್ಮ ಮೈಸೂರಿನಿಂದ ಬಂದಿದ್ದರು. ಮಗಳು ನಿಹಾರಿಕಾ ಹದಿಮೂರರವಳು, ಕನ್ನಡ ಪೂರ್ತಿ ಅರ್ಥವಾದರೂ ಉತ್ತರ ಮಾತ್ರ ಇಂಗ್ಲಿಷಿನಲ್ಲಿ ಕೊಡುವ ಜಾತಿ. ಮಹಾಬಲೇಶ್ವರ ಕೆಳಗಿನ ಅಲಾರಂಗಳಿಗೆಲ್ಲ ಟೋಪಿ ತೊಡಿಸಿ, ಮಹಡಿಯ ಮೇಲಿನದಕ್ಕೂ ಒಂದು ಹಾಕೋಣ ಅಂತ ಏಣಿ ಹೊತ್ತು ಹತ್ತಿ ಹೋದ. ಅಲ್ಲಿ ಆ ಹುಡುಗಿ ಒಬ್ಬಳೇ, ರೇಷ್ಮೆ ಲಂಗ ಮಂಡಿ ತನಕ ಎತ್ತಿ ಕಾರ್ಪೆಟ್ಟಿನ ಮೇಲೆ ಕೂತು, ತಾನು ಬಿಡಿಸಿದ ಚಿತ್ರಗಳನ್ನು ಹೊಸ ಗೋಡೆಗೆ ಅಂಟಿಸುತ್ತಿದ್ದಳು.

ಚಿತ್ರಗಳಲ್ಲಿ ಇದ್ದವರು ಮನುಷ್ಯರಲ್ಲ. ಒಂಟಿಕಣ್ಣಿನ ಕೊಡೆ ಒಂದು ಕಾಲಿನ ಮೇಲೆ ಕುಣಿಯುತ್ತಿತ್ತು. ಉದ್ದ ನಾಲಗೆಯ ಒಬ್ಬ ಬಚ್ಚಲಿನ ಪಾಚಿ ನೆಕ್ಕುತ್ತಿದ್ದ. ಒಬ್ಬ ಮುದುಕ ಹೊಳೆಯ ಅಂಚಿನಲ್ಲಿ ಕೂತು ಕಾಳು ತೊಳೆಯುತ್ತಿದ್ದ.

“ಇವರೆಲ್ಲ ಯಾರ ಕಡಿಯವರವಾ?” ಅಂತ ಮಹಾಬಲೇಶ್ವರ ತಮಾಷೆಗೆ ಕೇಳಿದ.

ಜಪಾನಿನವರು ಅಂದಳು ಹುಡುಗಿ. ಯೋಕಾಯ್ ಅಂತ ಕರೆಯುತ್ತಾರಂತೆ. ದೆವ್ವವೂ ಅಲ್ಲ, ದೇವರೂ ಅಲ್ಲ, ಪ್ರಾಣಿಯೂ ಅಲ್ಲ, ಮೂರೂ ಸ್ವಲ್ಪ ಸ್ವಲ್ಪ. ಕಾಳು ತೊಳೆಯುವವನು ಕಣ್ಣಿಗೆ ಬೀಳುವುದೇ ಇಲ್ಲ, ತೊಳೆಯುವ ಸದ್ದು ಮಾತ್ರ ಕೇಳುತ್ತದೆ. ಇನ್ನೊಬ್ಬನಿದ್ದಾನೆ, ಬೆಟೊಬೆಟೊ ಸಾನ್. ಅವನು ಬರೀ ಹೆಜ್ಜೆಯ ಸಪ್ಪಳ, ಒಬ್ಬರೇ ನಡೆದುಹೋಗುವವರ ಹಿಂದೆ ಬರುತ್ತಾನೆ. ಹೆದರಬಾರದು, ಪಕ್ಕಕ್ಕೆ ಸರಿದು, ನೀವು ಮುಂದೆ ಹೋಗಿ ಅಂದರೆ ಹೋಗಿಬಿಡುತ್ತಾನೆ. ಹೊಸ ಶಾಲೆಯಲ್ಲಿ ಇದನ್ನೆಲ್ಲ ಕೇಳುವವರು ಯಾರೂ ಸಿಕ್ಕಿರಲಿಲ್ಲವೇನೋ, ಹುಡುಗಿ ಬಿಡದೆ ಹೇಳಿದಳು. ಮಹಾಬಲೇಶ್ವರ ಏಣಿಯ ಮೇಲೇ ಕೂತು ಕೇಳಿದ. ಹುಬ್ಬಳ್ಳಿಯಲ್ಲಿ ಗೂಡ್ಸ್ ಯಾರ್ಡಿನ ಹುಣಸೆಮರದ ಹತ್ತಿರ ಹೆಸರು ಹಿಡಿದು ಕರೆದರೆ ತಿರುಗಬೇಡ ಅಂತ ಅವ್ವ ಹೇಳುತ್ತಿದ್ದದ್ದನ್ನು ತಾನೂ ಹೇಳಿದ. ಅದು ಹುಡುಗಿಗೆ ಬಹಳ ಹಿಡಿಸಿತು.

ಆಮೇಲೆ ಅವಳು ಅವನನ್ನೇ ನೋಡುತ್ತ, ನಿಮ್ಮನ್ನು ನಿಶಿತಾ ಮನೆಯ ಗೃಹಪ್ರವೇಶದಲ್ಲಿ ನೋಡಿದ್ದೆ ಅಂದಳು. ರಕ್ಷಿತ್ ಮನೆಯಲ್ಲೂ ಇದ್ದಿರಿ. ನಿಶಿತಾಳನ್ನು ಕೇಳಿದೆ, ಅವಳಿಗೆ ನೀವು ಯಾರು ಅಂತ ಗೊತ್ತಿಲ್ಲ. ಇವತ್ತು ಅಪ್ಪನನ್ನು ಕೇಳಿದೆ, ಅಮ್ಮನ ಅಂಕಲ್ ಅಂದ. ಅಮ್ಮನನ್ನು ಕೇಳಿದೆ, ಅಪ್ಪನ ಆಫೀಸಿನವರು ಅಂದಳು.

ಮಹಾಬಲೇಶ್ವರನ ಕೈಯಲ್ಲಿದ್ದ ಪ್ಲಾಸ್ಟಿಕ್ ಟೋಪಿ ಅಲ್ಲೇ ಉಳಿಯಿತು. ಹುಡುಗಿಯ ದನಿಯಲ್ಲಿ ಕೋಪವಿರಲಿಲ್ಲ. ಕಳೆದುಹೋದದ್ದೇನೋ ಸಿಕ್ಕಿದ ಖುಷಿ ಇತ್ತು.

“ಅಂಕಲ್, ಯು ಆರ್ ನುರಾರಿಹ್ಯೋನ್.”

ಅದೂ ಒಂದು ಯೋಕಾಯ್. ಅದರ ಚಿತ್ರ ಬಾಗಿಲ ಹಿಂದೆ ಇತ್ತು. ಸೋರೆಕಾಯಿಯ ಹಾಗೆ ಉದ್ದನೆಯ ಬೋಳುತಲೆಯ ಮುದುಕ, ಒಳ್ಳೆಯ ಬಟ್ಟೆ ತೊಟ್ಟು ಯಾರದೋ ಮನೆಯ ಚಾಪೆಯ ಮೇಲೆ ಚಹಾ ಕುಡಿಯುತ್ತಿದ್ದಾನೆ. ಮನೆಮಂದಿಯೆಲ್ಲ ಕೆಲಸದ ಗಡಿಬಿಡಿಯಲ್ಲಿ ಇರುವಾಗ ಸದ್ದಿಲ್ಲದೆ ಒಳಗೆ ಬರುತ್ತಾನೆ ಅಂತ ಹೇಳುತ್ತಾರೆ. ಬಂದು, ತನ್ನದೇ ಮನೆ ಅನ್ನುವ ಹಾಗೆ ಕೂತುಬಿಡುತ್ತಾನೆ. ನೋಡಿದವರೆಲ್ಲ ಇವನು ಮನೆಯ ಹಿರಿಯ ಅಂದುಕೊಳ್ಳುತ್ತಾರೆ, ಕೇಳಲು ಹೋಗುವುದಿಲ್ಲ. ಹುಡುಗಿ ಇಷ್ಟನ್ನು ಹೇಳಿ, ಚಿತ್ರದ ತಲೆಯನ್ನೂ ಮಹಾಬಲೇಶ್ವರನ ತಲೆಯನ್ನೂ ಒಮ್ಮೆ ಹೋಲಿಸಿ ನೋಡಿದಳು. ಅವನಿಗೆ ಗೊತ್ತಿಲ್ಲದೆಯೇ ಅವನ ಕೈ ಬೋಳುತಲೆಯ ಮೇಲೆ ಹೋಯಿತು.

“ಅವನಿಗೆ ಏನ್ ಬೇಕಂತ?” ಅಂತ ಕೇಳಿದ.

ಅದು ಯಾರಿಗೂ ಗೊತ್ತಿಲ್ಲವಂತೆ. ಏನನ್ನೂ ಕದಿಯುವುದಿಲ್ಲ, ಯಾರಿಗೂ ಕೆಟ್ಟದ್ದು ಮಾಡುವುದಿಲ್ಲ. ಬರುತ್ತಾನೆ, ಕೂರುತ್ತಾನೆ, ಹೋಗುತ್ತಾನೆ. ಯಾಕೆ ಅಂತ ತಾನು ಓದಿದ ಯಾವ ಕತೆಯಲ್ಲೂ ಬರೆದಿಲ್ಲ ಅಂದಳು.

ಮಹಾಬಲೇಶ್ವರನಿಗೆ ಗೊತ್ತಿತ್ತು. ಇನ್ನೊಬ್ಬರು ಬಡಿಸಿದ ಒಂದು ಎಲೆ ಊಟ, ಇನ್ನೂ ಸ್ವಲ್ಪ ಹಾಕಿಸಿಕೊಳ್ಳಿ ಅನ್ನುವ ಒಂದು ದನಿ. ಆ ಜಪಾನಿನ ಮುದುಕನಿಗೂ ಇದಕ್ಕಿಂತ ಹೆಚ್ಚೇನೂ ಬೇಕಿರಲಾರದು. ಹೆಸರೇನು ಅಂತ ಹುಡುಗಿ ಕೇಳಿದಳು. ಇಷ್ಟು ವರ್ಷದಲ್ಲಿ ಗೃಹಪ್ರವೇಶದ ಮನೆಗಳಲ್ಲಿ ಅವನ ಹೆಸರು ಕೇಳಿದವಳು ಅವಳೊಬ್ಬಳೇ. ಮಹಾಬಲೇಶ್ವರ ಅಂದ. ಅವಳು ಅದನ್ನು ತಡವರಿಸದೆ ಪೂರ್ತಿ ಹೇಳಿದಳು, ಯಾರಿಗೂ ಹೇಳುವುದಿಲ್ಲ ಅಂತಲೂ ಮಾತುಕೊಟ್ಟಳು.

ಅವನು ಊಟಕ್ಕೆ ನಿಲ್ಲಲಿಲ್ಲ. ಗರಾಜಿನಲ್ಲಿ ಚಪ್ಪಲಿ ಹುಡುಕುವಾಗ ವಿಜಯಮ್ಮ ನೋಡಿ, ಎಲೆ ಹಾಕಿದ್ದಾರೆ, ಊಟ ಮಾಡದೆ ಹೋಗುವುದುಂಟೇ ಅಂದರು. ಆಫೀಸಿನ ಕೆಲಸ ಅಂತ ಸುಳ್ಳು ಹೇಳಿ ಹೊರಟುಬಿಟ್ಟ. ದಾರಿಯುದ್ದಕ್ಕೂ ಮುಖ ಬಿಸಿಯಾಗಿತ್ತು. ಇಷ್ಟು ದಿನ ಯಾರ ಕಣ್ಣಿಗೂ ಬೀಳಲಿಲ್ಲ ಅಂತ ಧೈರ್ಯವಾಗಿದ್ದವನು. ಈಗ ಒಬ್ಬಳ ಕಣ್ಣಿಗೆ ಬಿದ್ದಿದ್ದೇ ತಡ, ಎಲ್ಲ ಮನೆಗಳ ಎಲ್ಲ ಕಣ್ಣುಗಳೂ ಬೆನ್ನಿಗೆ ಚುಚ್ಚಿದ ಹಾಗಾಯಿತು. ಇನ್ನು ಸಾಕು ಅಂತ ತೀರ್ಮಾನಿಸಿದ.

ಆಮೇಲಿನ ಭಾನುವಾರಗಳು ಉದ್ದವಾದವು. ಅವನು ಕಂಪ್ಯೂಟರಿನಲ್ಲಿ ಪೈಪುಗಳ ನಕ್ಷೆ ಮುಚ್ಚಿಟ್ಟು ಯೋಕಾಯ್‌ಗಳ ಬಗ್ಗೆ ಓದತೊಡಗಿದ. ಓದಿದ ಹಾಗೆಲ್ಲ ಅವರು ಒಬ್ಬೊಬ್ಬರಾಗಿ ಅವನ ಮನೆಗೇ ಬಂದರು. ಮೇಲಿನ ಮನೆಯವರು ನಲ್ಲಿ ಬಿಟ್ಟಾಗ ಗೋಡೆಯೊಳಗೆ ಸರಸರ ಸದ್ದಾದರೆ, ಕಾಳು ತೊಳೆಯುವವನು ಬಂದ ಅಂದುಕೊಳ್ಳುತ್ತಿದ್ದ. ಬೆಳಿಗ್ಗೆ ತಲೆದಿಂಬು ಕಾಲ ಹತ್ತಿರ ಸಿಕ್ಕಿದರೆ, ದಿಂಬು ತಿರುಗಿಸುವ ಕಿಲಾಡಿ ಒಬ್ಬ ಯೋಕಾಯ್ ಇದ್ದಾನಲ್ಲ, ಅವನ ಹೆಸರಿಗೆ ಹಚ್ಚುತ್ತಿದ್ದ. ಸಂಜೆ ವಾಕಿಂಗಿನಿಂದ ಬರುವಾಗ ಅಪಾರ್ಟ್‌ಮೆಂಟಿನ ಕಾರಿಡಾರಿನಲ್ಲಿ ತನ್ನದೇ ಹೆಜ್ಜೆ ಹಿಂದಿನಿಂದ ಕೇಳಿಸಿದರೆ, ಗೋಡೆಗೆ ಒರಗಿ ನಿಂತು “ನೀವು ಮುಂದ ನಡೀರಿ” ಅನ್ನುತ್ತಿದ್ದ. ಎಷ್ಟೋ ದಿನ ಅವನ ಬಾಯಿಂದ ಬಂದ ಕನ್ನಡ ಅಷ್ಟೇ. ಜಪಾನಿನ ಕೆಲವು ಮನೆಗಳಲ್ಲಿ ಒಂದು ಮಗುವಿನ ರೂಪದ ಯೋಕಾಯ್ ಇರುತ್ತದಂತೆ, ಅದು ಇರುವ ಮನೆ ಏಳಿಗೆಯಾಗುತ್ತದಂತೆ, ಅದು ಎದ್ದುಹೋದರೆ ಮನೆ ಹಾಳಂತೆ. ಇದನ್ನು ಓದಿದ ದಿನ ಅವನು ಕಂಪ್ಯೂಟರ್ ಮುಚ್ಚಿ ಬೇಗ ಮಲಗಿದ.

ಹೀಗಿರುವಾಗ ಕೇಟಿಯಲ್ಲಿ ಒಂದು ಗೃಹಪ್ರವೇಶವಾಯಿತು. ಹೋಮ ಶುರುವಾಗುತ್ತಿದ್ದಂತೆ ಅಲಾರಂ ಕೂಗಿಕೊಂಡಿತು. ಒಂದು ಕೂಗಿದ್ದಕ್ಕೆ ಮನೆಯಲ್ಲಿದ್ದವೆಲ್ಲ ಕೂಗಿಕೊಂಡವು. ಕಡೆಗೆ ಬೆಂಕಿ ಆರಿಸುವ ದೊಡ್ಡ ಕೆಂಪು ಗಾಡಿ ಬಂದು ರಂಗೋಲಿಯ ಮೇಲೆ ನಿಂತಿತು. ಆ ಸಂಜೆ ವಾಟ್ಸಾಪ್ ಗುಂಪಿನಲ್ಲಿ ಬೇರೆ ಮಾತೇ ಇಲ್ಲ. ಮೊದಲು ನಗುವ ಮುಖಗಳು ಬಂದವು. ಆಮೇಲೆ ಒಬ್ಬರು, ಆ ಟೋಪಿ ಹಾಕುವ ಅಂಕಲ್ ಇರಲಿಲ್ಲವಾ ಅಂತ ಕೇಳಿದರು. ಹೌದು, ಈಚೆಗೆ ಎಲ್ಲೂ ಕಾಣುತ್ತಿಲ್ಲ ಅಂದರು ಇನ್ನೊಬ್ಬರು. ಅವರ ನಂಬರ್ ಕೊಡಿ ಅಂದರೆ ಯಾರ ಹತ್ತಿರವೂ ಇರಲಿಲ್ಲ. ನಿಮ್ಮ ಸೋದರಮಾವ ಅಲ್ಲವಾ ಅಂತ ಇವರು ಅವರನ್ನು ಕೇಳಿದರು, ನಿಮ್ಮ ಭಾವಮೈದುನ ಅಂದುಕೊಂಡಿದ್ದೆವಲ್ಲ ಅಂತ ಅವರು ಇವರನ್ನು ಕೇಳಿದರು. ಮಹಾಬಲೇಶ್ವರ ಅಡುಗೆಮನೆಯ ಕಟ್ಟೆಗೆ ಒರಗಿ ನಿಂತು, ತನ್ನ ಬಗ್ಗೆ ಊರಿಗೆ ಊರೇ ಮಾತಾಡುವುದನ್ನು ಓದುತ್ತಿದ್ದ.

ಗುಂಪಿನಲ್ಲಿ ಗೋವಿಂದರಾಜು ಅಂತ ಒಬ್ಬರಿದ್ದರು. ನಿವೃತ್ತರು, ಎಲ್ಲರ ವಿಷಯವೂ ತಮಗೆ ಗೊತ್ತು ಅಂದುಕೊಂಡವರು. ಅವರು ಬರೆದರು: ಅಯ್ಯೋ, ನಿಮಗೆ ತಿಳಿಯದಾ, ಅವರು ಹೋದ ತಿಂಗಳೇ ತೀರಿಕೊಂಡರು, ಹಾರ್ಟ್ ಅಟ್ಯಾಕ್. ಬೇರೆ ಯಾವುದೋ ಬೋಳುತಲೆಯ ಬಡಪಾಯಿಯ ಸಾವನ್ನು ತಂದು ಇವನ ತಲೆಗೆ ಕಟ್ಟಿದ್ದರು. ಅಷ್ಟೇ ಸಾಕಾಯಿತು. ಒಬ್ಬರು ಓಂ ಶಾಂತಿ ಅಂದರು, ಕೈಮುಗಿದ ಚಿತ್ರ ಹಾಕಿದರು. ನಮ್ಮವರು ಓಂ ಶಾಂತಿ ಹಾಕುವ ಮೊದಲು ಯಾರು ಸತ್ತದ್ದು ಅಂತ ವಿಚಾರಿಸುವವರಲ್ಲ, ಹಿಂದೆ ಬಿದ್ದರೆ ಕೆಟ್ಟದಾಗಿ ಕಾಣುತ್ತದಲ್ಲ ಅಂತ ಎಲ್ಲರೂ ಹಾಕಿದರು. ಪರದೆ ತುಂಬ ಮುಗಿದ ಕೈಗಳೇ ಏರುತ್ತ ಹೋದವು.

ಆಮೇಲೆ ಒಳ್ಳೆಯ ಮಾತುಗಳು ಬಂದವು. ನಮ್ಮ ಮಗು ಅವರ ಮಡಿಲಲ್ಲಿ ಮಾತ್ರ ಅಳದೆ ಮಲಗಿತ್ತು ಅಂತ ಒಬ್ಬಳು ಬರೆದಳು. ಪಾತ್ರೆ ತೊಳೆಯಲು ನಿಂತಿದ್ದರು, ನಾವೇ ಬೇಡ ಅಂತ ಕಳಿಸಿದೆವು ಅಂತ ಇನ್ನೊಬ್ಬಳು. ಕೊನೆಗೆ ಫುಲ್‌ಶೀರಿನ ಮಧುರಾ ಬರೆದಳು, ನನ್ನ ಮಗಳು ಬಹಳ ಅಳುತ್ತಿದ್ದಾಳೆ, ಅವಳು ಹೇಳುವ ಪ್ರಕಾರ ಅವರ ಹೆಸರು ಮಹಾಬಲೇಶ್ವರ. ಹೆಸರು ಸಿಕ್ಕಿತಲ್ಲ, ಇನ್ನೊಂದು ಸುತ್ತು ಶುರುವಾಯಿತು. ಮಹಾಬಲೇಶ್ವರ ಅವರ ಆತ್ಮಕ್ಕೆ ಸದ್ಗತಿ ಸಿಗಲಿ. ಮಹಾಬಲೇಶ್ವರ ಅವರು ನಮ್ಮ ಮನೆಯವರಂತೆ ಇದ್ದರು.

ಅವ್ವ ಹೋದ ಮೇಲೆ ಇಷ್ಟು ಜನ ಅವನ ಹೆಸರನ್ನು ಒಟ್ಟಿಗೆ ಹೇಳಿದ್ದು ಇದೇ ಮೊದಲು. ಮಹಾಬಲೇಶ್ವರ ಫೋನನ್ನು ಎದೆಗೊತ್ತಿಕೊಂಡು ಅತ್ತ. ನಗುವೂ ಬಂತು, ಆದರೆ ಅಳುವೇ ಹೆಚ್ಚು.

‘ನಾನು ಬದುಕಿದ್ದೇನೆ’ ಅಂತ ಬೆರಳಿನಲ್ಲಿ ಬರೆದ. ಕಳಿಸಲಿಲ್ಲ. ಕಳಿಸಿದರೆ ಮುಂದಿನ ಪ್ರಶ್ನೆ, ಹಾಗಾದರೆ ನೀವು ಯಾರು ಅನ್ನುವುದು. ಸತ್ತ ಮಹಾಬಲೇಶ್ವರನಿಗೆ ಮರ್ಯಾದೆ ಇತ್ತು. ಬದುಕಿದ್ದವನು ಕರೆಯದೆ ಬಂದು ಉಂಡುಹೋಗುವವನು. ಸುಮ್ಮನಿದ್ದರೆ ಎಲ್ಲರ ಬಾಯಲ್ಲೂ ಒಳ್ಳೆಯವನಾಗಿ ಉಳಿಯಬಹುದು. ಆದರೆ ಇನ್ನು ಈ ಊರಿನಲ್ಲಿ ಒಂದು ಮನೆಯ ಬಾಗಿಲೂ ತುಳಿಯುವ ಹಾಗಿಲ್ಲ, ಸತ್ತವನು ಹೇಗೆ ಬರುತ್ತಾನೆ? ಅಳಿಸಿದ, ಮತ್ತೆ ಬರೆದ, ಮತ್ತೆ ಅಳಿಸಿದ. ಭಾನುವಾರ ಸೈಪ್ರೆಸ್‌ನಲ್ಲಿ ದರ್ಶನ್ ಮತ್ತು ಅನಘಾ ಅವರ ಗೃಹಪ್ರವೇಶವಿತ್ತು. ಹೋಗಿ ಎದುರಿಗೇ ನಿಂತು ಹೇಳಿಬಿಡಬೇಕು, ಇಲ್ಲವೇ ಇನ್ನೆಂದೂ ಹೋಗಬಾರದು ಅಂತ ನಿಶ್ಚಯಿಸಿದ.

ಭಾನುವಾರ ಬೆಳಿಗ್ಗೆ ಎರಡು ಸಲ ಬಟ್ಟೆ ಬದಲಾಯಿಸಿದ. ಹೊರಟದ್ದು ತಡವಾಯಿತು. ಸೈಪ್ರೆಸ್ ಮುಟ್ಟಿದಾಗ ಹೋಮ ಮುಗಿದಿತ್ತು, ರಸ್ತೆಯ ಎರಡೂ ಬದಿ ಕಾರುಗಳು. ಗರಾಜಿನಲ್ಲಿ ಈ ಸಲ ಚಪ್ಪಲಿಯನ್ನು ಅಂಚಿನಲ್ಲೇ ಬಿಟ್ಟ. ಒಳಗಿನಿಂದ ಒಂದು ಸದ್ದೂ ಇಲ್ಲ. ಅಷ್ಟು ಜನ ತುಂಬಿದ ಮನೆಯಲ್ಲಿ ಸದ್ದಿಲ್ಲದ್ದು ನೋಡಿ ಅವನಿಗೇ ಭಯವಾಯಿತು. ಬಾಗಿಲು ತಳ್ಳಿ ನಡುಮನೆಯ ಅಂಚಿಗೆ ಬಂದು ನಿಂತ.

ಎಲ್ಲರೂ ಎದ್ದು ನಿಂತಿದ್ದರು. ತಲೆ ಬಗ್ಗಿತ್ತು, ಕಣ್ಣು ಮುಚ್ಚಿತ್ತು. ದೇವರ ಪಟದ ಪಕ್ಕ ಗೋವಿಂದರಾಜು ಎದೆಯ ಮೇಲೆ ಕೈಯಿಟ್ಟು ನಿಂತಿದ್ದರು. ಯಾರಿಗೆ ಈ ಮೌನ ಅನ್ನುವುದು ಮಹಾಬಲೇಶ್ವರನಿಗೆ ತಕ್ಷಣ ಹೊಳೆಯಲಿಲ್ಲ. ಅಭ್ಯಾಸಬಲದಿಂದ ಅವನೂ ತಲೆ ಬಗ್ಗಿಸಿ ಕೈಮುಗಿದ. ಬಗ್ಗಿಸಿದ ಮೇಲೆ ಹೊಳೆಯಿತು. ತಲೆ ಎತ್ತಿ ಒಬ್ಬೊಬ್ಬರನ್ನೇ ನೋಡಿದ. ಇವರ ಮನೆಯ ಅಟ್ಟ ಗೊತ್ತು, ಇವರ ಮನೆಯ ಕಾಫಿಯ ರುಚಿ ಗೊತ್ತು, ಆ ಮೂಲೆಯಲ್ಲಿ ನಿಂತವನ ಮಗ ಮೊದಲ ಹೆಜ್ಜೆ ಇಟ್ಟದ್ದು ತನ್ನ ಎದುರಿಗೆ. ಹಿಂದೆ ಸರಿದರೆ ಗರಾಜು ಎರಡೇ ಮಾರು. ಯಾರೂ ನೋಡುತ್ತಿರಲಿಲ್ಲ. ಹೋಗಿಬಿಡು ಅಂತ ಕಾಲು ಹೇಳುತ್ತಿತ್ತು.

ಒಬ್ಬಳು ನೋಡುತ್ತಿದ್ದಳು. ನಿಹಾರಿಕಾ ಅಜ್ಜಿಯ ಪಕ್ಕದಲ್ಲಿ ಕೆಂಪಗೆ ಊದಿದ ಕಣ್ಣು ಬಿಟ್ಟುಕೊಂಡೇ ನಿಂತಿದ್ದಳು. ಅವನನ್ನು ಕಂಡು ಅವಳು ಕಿರುಚಲಿಲ್ಲ. ಅಜ್ಜಿಯ ಸೆರಗು ಹಿಡಿದು ಜಗ್ಗಿ, ಅವಳು ಇಂಗ್ಲಿಷ್ ಬಿಟ್ಟು ಕನ್ನಡದಲ್ಲಿ ಹೇಳಿದಳು.

“ಅಜ್ಜಿ, ಅವರು ಬಂದಿದಾರೆ.”

ವಿಜಯಮ್ಮ ಕಣ್ಣು ತೆರೆದರು. ಅವರ ಪಕ್ಕದವರು ತೆರೆದರು. ಕಣ್ಣು ತೆರೆಯುವುದು ಒಬ್ಬರಿಂದೊಬ್ಬರಿಗೆ ಹಬ್ಬಿ ಕೊನೆಗೆ ಗೋವಿಂದರಾಜು ತನಕ ಹೋಯಿತು. ಅವರ ಕೈ ಎದೆಯ ಮೇಲಿನಿಂದ ನಿಧಾನವಾಗಿ ಕೆಳಗಿಳಿಯಿತು.

“ನಾ ಸತ್ತಿಲ್ರಿ,” ಅಂದ ಮಹಾಬಲೇಶ್ವರ. ದನಿ ಅವನು ಅಂದುಕೊಂಡದ್ದಕ್ಕಿಂತ ಸಣ್ಣದಾಗಿ ಬಂತು. “ಮತ್ತ, ನಾ ಯಾರ ಕಡಿಯವನೂ ಅಲ್ಲ. ನನ್ನನ್ನ ಯಾರೂ ಕರದಿಲ್ಲ. ನಾನಾಗಿ ಬರ್ತಿದ್ದೆ.”

ನಗುವುದೋ ಬೇಡವೋ ಅಂತ ಇದ್ದವರಲ್ಲಿ ಒಬ್ಬರು ನಕ್ಕರು, ತಡೆದಿದ್ದೆಲ್ಲ ಒಡೆದು ಮನೆಗೆ ಮನೆಯೇ ನಕ್ಕಿತು. ದರ್ಶನ್ ಬಂದು ಕೈಕುಲುಕಿದ. ಯಾರ ಕಡೆ ಆದರೇನು ಅಂಕಲ್, ಬನ್ನಿ ಅಂದಳು ಅನಘಾ. ಗೋವಿಂದರಾಜು ತಮ್ಮ ತಪ್ಪನ್ನು ಜಾಣತನದಿಂದ ದಾಟಿ, ಸುಳ್ಳು ಸುದ್ದಿ ಹಬ್ಬಿದರೆ ಆಯಸ್ಸು ಹೆಚ್ಚು, ತಾವು ಒಳ್ಳೆಯದನ್ನೇ ಮಾಡಿದ ಹಾಗಾಯಿತು ಅನ್ನತೊಡಗಿದರು. ವಿಜಯಮ್ಮನೂ ಕಣ್ಣೊರೆಸಿಕೊಂಡು ನಕ್ಕರು.

“ನೂರು ವರ್ಷ ಬಾಳ್ತೀರಿ ಬಿಡಿ.”

ನೂರು ವರ್ಷ, ನೂರು ವರ್ಷ ಅಂತ ನಡುಮನೆಯ ತುಂಬ ಅದೇ ಮಾತಾಯಿತು. ಮಕ್ಕಳು ಅದನ್ನೇ ಇಂಗ್ಲಿಷಿನಲ್ಲಿ ಕೂಗಿದರು. ಮಹಾಬಲೇಶ್ವರನೂ ನಗುತ್ತಿದ್ದ, ನಗುತ್ತಲೇ ತಮಾಷೆಗೆ ಒಂದು ಉತ್ತರ ಕೊಡಲು ಹೋದ. ಬಾಯಿಂದ ಬಂದದ್ದು ತಮಾಷೆಯಾಗಿ ಉಳಿಯಲಿಲ್ಲ.

“ಅಷ್ಟ್ ವರ್ಷ ಒಬ್ಬಾವನ ಏನ್ ಮಾಡ್ಲಿರಿ ಅಮ್ಮಾ?”

ನಗು ನಿಂತಿತು. ಗೋವಿಂದರಾಜು ಚಾವಣಿ ನೋಡಿದರು. ಯಾರೋ ಪ್ಲಾಸ್ಟಿಕ್ ಲೋಟಗಳನ್ನು ಒಂದರೊಳಗೊಂದು ಸೇರಿಸತೊಡಗಿದರು. ಮಹಾಬಲೇಶ್ವರನಿಗೆ ತಾನು ಬಂದು ತಪ್ಪು ಮಾಡಿದೆ ಅನ್ನಿಸಿತು.

“ನಿಮ್ಮ ಮನೆ ಎಲ್ಲಿ?” ಅಂತ ಕೇಳಿದರು ವಿಜಯಮ್ಮ.

ಅವನಿಗೆ ಮೊದಲು ಅರ್ಥವಾಗಲಿಲ್ಲ. ಇಷ್ಟು ಮನೆ ಹೊಕ್ಕು ಬಂದಿದ್ದ, ನಿನ್ನದು ಎಲ್ಲಿ ಅಂತ ಯಾರೂ ಕೇಳಿರಲಿಲ್ಲ. ಹೈವೇ ಹೆಸರು ಹೇಳಿದ, ಅಪಾರ್ಟ್‌ಮೆಂಟಿನ ಹೆಸರು ಹೇಳಿದ. ಈ ವಾರವೇ ಬರುತ್ತೇವೆ, ನಾನು, ಇವಳು, ಇವಳಮ್ಮ ಅಂದರು ವಿಜಯಮ್ಮ. ಮಹಾಬಲೇಶ್ವರನ ಮುಖದಲ್ಲಿ ಹೆದರಿಕೆ ಕಂಡಿತು. ಆ ಮನೆಯ ಬಾಗಿಲು ದಾಟಿ ಅವನ ಹೊರತು ಇನ್ನೊಂದು ಜೀವ ಒಳಗೆ ಬಂದದ್ದು ಅವನಿಗೆ ನೆನಪಿರಲಿಲ್ಲ.

“ನಮ್ಮನಿಯಾಗ ಕುರ್ಚಿ ಒಂದ ಐತ್ರಿ,” ಅಂದ.

“ಹಾಗಾದ್ರೆ ನಾನು ಕೂತ್ಕೋತೀನಿ, ನೀವು ನಿಂತ್ಕೊಂಡು ಕಾಫಿ ಮಾಡಿ,” ಅಂದರು ವಿಜಯಮ್ಮ. ಹಾಗಂದು ಮಗಳ ಕಡೆ ತಿರುಗಿ, ಯಾವ ದಿನ ಕಾರು ಬಿಡುವಾಗಿರುತ್ತೆ ಅಂತ ಕೇಳಿದರು.